ಅಲ್ಯೂಮಿನಿಯಂಗೆ ಕಿಡಿ ಹತ್ತಿದ್ದು

ರುಕ್ಮವ್ವನಿಗೆ ಪ್ರಶ್ನೆ ಕೇಳುವ ಚಟ ಅಂದರೆ ಚಟ. ಪೀಣ್ಯದ ಗುಜರಿ ಅಂಗಡಿಯಲ್ಲಿ ಜೊತೆಗಿದ್ದವರು ‘ಪ್ರಶ್ನೆಪತ್ರಿಕೆ’ ಎಂದೇ ಹೆಸರಿಟ್ಟಿದ್ದರು. ಸಿಂದಗಿ ಕಡೆಯವಳು, ಚಿಕ್ಕಬಾಣಾವರದಲ್ಲಿ ಬಾಡಿಗೆ ಕೋಣೆ ಹಿಡಿದು ಹದಿನೆಂಟು ವರ್ಷ ಲೋಹ ಬೇರ್ಪಡಿಸುವ ಕೆಲಸ ಮಾಡಿದಳು. ತುಂಡನ್ನು ತಿರುಗುವ ಗ್ರೈಂಡಿಂಗ್ ಕಲ್ಲಿಗೆ ತುಸು ತಾಗಿಸುವುದು, ಕಿಡಿ ನೋಡುವುದು, ಆಯಾ ರಾಶಿಗೆ ಎಸೆಯುವುದು. ಹಳದಿ ಗೆರೆ ಉದ್ದಕ್ಕೆ ಹಾರಿದರೆ ಮೆದು ಉಕ್ಕು. ತುದಿ ಕವಲೊಡೆದು ಪಟಪಟ ಸಿಡಿದರೆ ಗಟ್ಟಿ ಉಕ್ಕು. ಗಿಡ್ಡಗೆ, ಕೆಂಪಗೆ ಬಿದ್ದರೆ ಬೀಡು ಕಬ್ಬಿಣ. ಎಷ್ಟು ನೋಡಿದರೂ ಅವಳಿಗೆ ಸಾಕೆನಿಸುತ್ತಿರಲಿಲ್ಲ.

ಹೋದ ವರ್ಷ ಆ ಕಲ್ಲೇ ಒಡೆದು, ಚೂರು ಸಿಡಿದು ಎಡಗಣ್ಣು ಹೋಯಿತು. ಯಾಕೆ ಒಡೆಯಿತೆಂದು ಅವಳು ಯಾರಿಗೂ ಬಾಯಿ ಬಿಡಲಿಲ್ಲ. ಇನ್ನು ಕಲ್ಲಿನ ಹತ್ತಿರ ಸುಳಿಯಬೇಡ ಎಂದರು ಡಾಕ್ಟರು. ಬರುತ್ತಿದ್ದ ಕೆಲಸವೋ, ಅದೊಂದೇ!

ಆಗ ಕರೆ ಕಳಿಸಿದವನು ವೀರೇಶ್. ಪೀಣ್ಯದಲ್ಲೇ ಅವನದೊಂದು ಸಣ್ಣ ಕಂಪನಿ. ತರಬೇತಿ ಕೇಂದ್ರವೊಂದಕ್ಕೆ ಕಂಪ್ಯೂಟರಿನಲ್ಲೇ ಗ್ರೈಂಡಿಂಗ್ ಕಲಿಸುವ ಸಾಫ್ಟ್‌ವೇರ್ ಮಾಡುತ್ತಿದ್ದ. ಪರದೆಯ ಕಿಡಿ ನಿಜದ ಕಿಡಿಯಂತಿದೆಯೇ ಎಂದು ಹೇಳುವ ಕಣ್ಣು ಅವನಿಗೆ ಬೇಕಿತ್ತು. ಎರಡು ವಾರ ಕಳೆದ ಮೇಲಿನ ಶುಕ್ರವಾರ ಕೇಂದ್ರದ ಮುಖ್ಯಸ್ಥೆ ನೀಲಾಂಬಿಕಾ ನೋಡಲು ಬರುವವರಿದ್ದರು. ಅವರು ಒಪ್ಪಿದರೆ ಕಲಿಸುವ ಕೆಲಸ ರುಕ್ಮವ್ವನಿಗೇ. ಅವಳಿಗೆ ಅದು ಬೇಕೇ ಬೇಕಿತ್ತು.

ಬಂದ ದಿನವೇ ಶುರುವಾಯಿತು. “ಅಲ್ಲ ತಮ್ಮಾ, ಕಲ್ಲಿಲ್ಲ, ಕಬ್ಬಿಣಿಲ್ಲ. ಇಷ್ಟು ಕಿಡಿ ಎಲ್ಲಿಂದ ಬರ್ತಾವ?”

ವೀರೇಶ್ ನಗುತ್ತ ಫೋಲ್ಡರೊಂದನ್ನು ತೆರೆದ. “ಈ ಫೈಲಿಂದ, ರುಕ್ಮಕ್ಕ. ಲೈಬ್ರರಿ ಅಂತೀವಿ. ಯಾರೋ ಬರೆದಿಟ್ಟಿರ್ತಾರೆ, ನಾವು ತಂದು ಬಳಸ್ಕೊಳ್ತೀವಿ. ಕಿಡಿ, ಹೊಗೆ, ಧೂಳು ಎಲ್ಲಾ ಬಿಡಿಸೋದು ಇದೇ. ಎಷ್ಟು ಕಿಡಿ, ಎಷ್ಟುದ್ದ, ಯಾವ ಬಣ್ಣ ಅಂತ ನಾವು ಅಂಕಿ ಕೊಟ್ರೆ ಸಾಕು.”

“ಒಂದೊಂದು ಕಿಡಿಗೂ ಲೆಕ್ಕ ಐತೇನು?”

“ಒಂದೊಂದಕ್ಕೂ. ಹುಟ್ಟೋದು, ಹಾರೋದು, ಆರೋದು.”

“ಅಯ್ಯ ಶಿವನ!” ಎಂದು ಅವಳು ಕುರ್ಚಿ ಎಳೆದುಕೊಂಡು ಕೂತೇಬಿಟ್ಟಳು. ಎರಡು ವಾರ ಪಕ್ಕದಲ್ಲೇ ಕೂತು, ಇನ್ನೂ ಗಿಡ್ಡ, ಇನ್ನೂ ಕೆಂಪು ಎನ್ನುತ್ತ ವೀರೇಶನ ತಲೆ ತಿಂದಳು.

ಗುರುವಾರ ಬೆಳಿಗ್ಗೆ ವೀರೇಶ್ ಹಳೆಯ ಫೈಲು ತೆಗೆದು ಅದರದೇ ಹೊಸ ಆವೃತ್ತಿ ಹಾಕಿದ. ಕಿಡಿಗಳು ಝಗಝಗ ಹೊಳೆದವು. ಆಫೀಸಿನವರೆಲ್ಲ ಸಕ್ಕತ್ ಸಕ್ಕತ್ ಎಂದು ಕುಣಿದರು. ರುಕ್ಮವ್ವ ಪರದೆಯ ಕಲ್ಲಿಗೆ ಒಂದೊಂದೇ ಲೋಹ ತಾಗಿಸಿ ನೋಡಿದಳು. ಅಲ್ಯೂಮಿನಿಯಂ ತಾಗಿಸಿದಾಗಲೂ ಕಿಡಿ ಸುರಿಯಿತು.

“ಇದು ತಪ್ಪೈತಿ. ಅಲ್ಯೂಮಿನಿಯಂಗ ಕಿಡಿನ ಇಲ್ಲ.”

“ನಾಳೆ ತೋರಿಸ್ಬೇಕು ಕಣಕ್ಕ, ಈಗ ಬಿಡಿ. ಹಳೇದು ಹಾಕಿದ್ರೆ ಇಷ್ಟು ಚೆಂದ ಕಾಣಲ್ಲ. ಮೇಡಂ ಬೇಡ ಅಂದ್ಬಿಟ್ರೆ ನಿಮ್ಮ ಕೆಲಸಾನೂ ಹೋಯ್ತು.”

ಆದರೆ ರುಕ್ಮವ್ವನನ್ನು ಚಟ ಬಿಡಬೇಕಲ್ಲ! “ಅದಿರ್ಲಿ, ಯಾಕ ಬಂತು?”

ವೀರೇಶ್ ತಡಕಾಡಿ ಪೆಚ್ಚಾದ. “ಅಲ್ಯೂಮಿನಿಯಂಗೆ ಸೊನ್ನೆ ಕಿಡಿ ಅಂತ ಕೊಟ್ಟಿದೀವಿ. ಹೊಸ ಫೈಲು ಸೊನ್ನೆ ನೋಡಿ, ಇವ್ರು ಅಂಕಿ ಹೇಳೋದು ಮರೆತಿದಾರೆ ಅಂದ್ಕೊಂಡು ತಾನೇ ಒಂದಷ್ಟು ಕಿಡಿ ಹಾಕ್ತಿದೆ.”

“ಮರೆತಿಲ್ಲ ತಮ್ಮಾ, ಇಲ್ಲ ಅಂತ ಹೇಳೇವಿ. ನನ್ನ ಕೆಲಸ ಹೋದ್ರ ಹೋಗ್ಲಿ. ಹಳೇದನ್ನ ಹಾಕು.”

ಅವಳ ದನಿ ಕೇಳಿ ಅವನು ಹಳೆಯ ಫೈಲನ್ನೇ ಮತ್ತೆ ಹಾಕಿದ.

ಶುಕ್ರವಾರ ನೀಲಾಂಬಿಕಾ ಪರದೆಯ ಲೋಹ ಆಡಿಸುವ ಹಿಡಿಕೆಯನ್ನು ಕೈಗೆತ್ತಿಕೊಂಡರು. ಉಕ್ಕಿಗೆ ತಲೆದೂಗಿದರು, ಬೀಡು ಕಬ್ಬಿಣಕ್ಕೂ ತಲೆದೂಗಿದರು. ಅಲ್ಯೂಮಿನಿಯಂ ತಾಗಿಸಿದರೆ ಏನೂ ಇಲ್ಲ.

“ಏನ್ರೀ, ಕೆಟ್ಟೋಗಿದೆಯಾ?” ಎನ್ನುತ್ತ ಇನ್ನೂ ಜೋರಾಗಿ ಒತ್ತಿದರು.

“ಒತ್ತಬ್ಯಾಡ್ರಿ ಮೇಡಂ!” ರುಕ್ಮವ್ವ ಚೀರಿದಳು. “ಕಿಡಿ ಬರಲಿಲ್ಲಂದ್ರ ಕೈ ಹಿಂದಕ್ಕ ತಗೀಬೇಕ್ರಿ. ಅಲ್ಯೂಮಿನಿಯಂ ಕಲ್ಲಿಗೆ ಮೆತ್ತಿಕೊಂಡು ಕಲ್ಲ ಒಡೀತೈತಿ.”

“ನಿಮಗೆ ಹೇಗೆ ಗೊತ್ತು?”

ರುಕ್ಮವ್ವ ಕಪ್ಪು ಕನ್ನಡಕ ತೆಗೆದಳು. “ಯಾಕ ಕಿಡಿ ಬರವಲ್ದು ಅಂತ ನಾನೂ ಹಿಂಗ ಇನ್ನಷ್ಟು ಒತ್ತಿ ನೋಡಿದ್ದೆರಿ.”

ನೀಲಾಂಬಿಕಾ ಹಿಡಿಕೆಯನ್ನು ಮೆಲ್ಲಗೆ ಕೆಳಗಿಟ್ಟರು.

“ಸೋಮವಾರ ಬನ್ನಿ,” ಎಂದರು ರುಕ್ಮವ್ವನಿಗೆ. “ಮೊದಲನೇ ಪಾಠ ಇದನ್ನೇ ಮಾಡಿ.”

ರುಕ್ಮವ್ವ ಕನ್ನಡಕ ಹಾಕಿಕೊಂಡಳು. “ಕಲಿಯಾಕ ಬರೋರಾಗ ಪ್ರಶ್ನೆ ಕೇಳೋರು ಯಾರಾರ ಅದಾರೇನ್ರಿ? ಅವರನ್ನ ನನ್ನ ಹತ್ರನ ಕೂಡಸ್ರಿ.”