ವರ್ಜೀನಿಯದ ಕಥೆಯನ್ನು ನಾನು ಅರ್ಧಕ್ಕೆ ನಿಲ್ಲಿಸಿದ್ದು

ನಮ್ಮ ಮಾವ ಹೊಡೆಯುವಾಗ ಹೆಣ್ಣು ಗಂಡು, ವಯಸ್ಸು ಗಿಯಸ್ಸು ನೋಡಿದವರಲ್ಲ. ಎತ್ತಿಗೂ ಅದೇ ಬಾರುಕೋಲು, ಆಳಿಗೂ ಅದೇ ಬಾರುಕೋಲು. ಗಾವಡಗೆರೆ ಕಡೆಯ ಆ ಊರಿಗೆ ನಾನು ಸೊಸೆಯಾಗಿ ಬಂದಾಗ ಅವರು ಹೊಸದಾಗಿ ವರ್ಜೀನಿಯ ಹೊಗೆಸೊಪ್ಪು ಹಾಕಿ, ಎಲೆ ಬೇಯಿಸಲು ಬ್ಯಾರನ್ ಎನ್ನುವ ಒಲೆಮನೆ ಕಟ್ಟಿಸಿದ್ದರು. ಎಲೆ ಬಲಿತ ಕಾಲದಲ್ಲಿ ಹತ್ತು ಹನ್ನೆರಡು ಹೆಂಗಸರು ಅದರ ಮುಂದಿನ ಚಪ್ಪರದಡಿ ಕೂತು ಹಸಿ ಎಲೆಗಳನ್ನು ಉದ್ದನೆಯ ಕೋಲುಗಳಿಗೆ ಕಟ್ಟುತ್ತಿದ್ದರು. ಯಾರ ಕೈಯಲ್ಲಾದರೂ ಎಲೆ ಹರಿದರೆ ಬಾರುಕೋಲಿನ ಹಿಡಿ ಆ ಬೆರಳಿನ ಗೆಣ್ಣಿನ ಮೇಲೆ ಬೀಳುತ್ತಿತ್ತು. ರಕ್ತ ಬಂದರೆ ಎಲೆಗೆ ತಾಗದಂತೆ ಸೀರೆಗೆ ಒರೆಸಿಕೊಳ್ಳಬೇಕು; ತಾಗಿದರೆ ಇನ್ನೊಂದು ಏಟು.

ನಾನೂ ಅವರ ಜೊತೆ ಕೂರುತ್ತಿದ್ದೆ. ಬಾಯಿ ಮುಚ್ಚಿಕೊಂಡಿರುವುದು ನನ್ನ ಜಾಯಮಾನವಲ್ಲ. ನಮ್ಮಪ್ಪ ಹುಣಸೂರಿನಲ್ಲಿ ಚರಿತ್ರೆ ಹೇಳುತ್ತಿದ್ದ ಮೇಷ್ಟರು. ಊಟಕ್ಕೆ ಕೂತಾಗಲೂ ಯಾವುದಾದರೂ ದೇಶದ ಯುದ್ಧ ಹೇಳುತ್ತಿದ್ದರು. ಅಕ್ಷರಕ್ಕಿಂತ ಮೊದಲು ನನ್ನ ತಲೆಗೆ ಹತ್ತಿದ್ದು ಅದೇ. ವರ್ಜೀನಿಯ ಅಂದರೆ ಬರೀ ಎಲೆಯಲ್ಲ, ಅಮೆರಿಕದಲ್ಲಿ ಆ ಹೆಸರಿನ ಸೀಮೆಯೇ ಇದೆ ಎಂದಾಗ ಹೆಂಗಸರೆಲ್ಲ ನಕ್ಕುಬಿಟ್ಟರು.

"ಅಲ್ಲೂ ಇಂಗೇ ಎಲೆ ಕಟ್ತಾರಾ ಅವ್ವಾರೇ?" ಎಂದು ಕೇಳಿದವಳು ಒಬ್ಬ ವಿಧವೆ. ನಮ್ಮ ಹೊಲದ ಒತ್ತಿಗೇ ಅವಳದೊಂದು ಪಟ್ಟೆ ಜಮೀನಿತ್ತು. ಗಂಡ ಬದುಕಿದ್ದಾಗ ಕಲ್ಲು ಕಿತ್ತು ಹಸನು ಮಾಡಿದ್ದು. ಅಲ್ಲಿ ಬೆಳೆಯುವ ರಾಗಿಯೇ ಅವಳಿಗೂ ಅವಳ ಮಗಳಿಗೂ ವರ್ಷದ ಹಿಟ್ಟು. ಮಗಳು ಹೆಚ್ಚುಕಮ್ಮಿ ನನ್ನ ವಯಸ್ಸಿನವಳು, ತಾಯಿಯ ಪಕ್ಕದಲ್ಲೇ ಕೂತು ಎಲೆ ಕಟ್ಟುತ್ತಿದ್ದಳು.

ನಾನು ಶುರುಮಾಡಿದೆ. ಇಂಗ್ಲಿಷರು ಹಡಗಿನಲ್ಲಿ ಹೋಗಿ ಆ ಸೀಮೆಯ ಜನರ ಹಟ್ಟಿಗಳಿಗೆ ಬೆಂಕಿಯಿಟ್ಟು ಮುಸುಕಿನ ಜೋಳ ಕಿತ್ತುಕೊಂಡದ್ದು. ಬರ ಬಂದಾಗ ತಾವೇ ನಾಯಿ, ಇಲಿ, ಮೆಟ್ಟಿನ ತೊಗಲು, ಕಡೆಗೆ ಹೂತ ಹೆಣ ಅಗೆದು ತಿಂದದ್ದು. ಆಮೇಲೆ ಎಲೆಯ ಹುಚ್ಚು ಹತ್ತಿ ಊರ ಬೀದಿಯಲ್ಲೂ ಹೊಗೆಸೊಪ್ಪು ನೆಟ್ಟದ್ದು. ಆಫ್ರಿಕದವರನ್ನು ಸರಪಳಿಯಲ್ಲಿ ತಂದು ಚಾಟಿಯಲ್ಲಿ ಬಾರಿಸಿ ಗೇಯಿಸಿದ್ದು. ಚಾಟಿ ಅಂದಾಗ ಎಲ್ಲರೂ ಒಮ್ಮೆ ಬ್ಯಾರನ್ನಿನ ಕಡೆ ತಿರುಗಿ ನೋಡಿದರು. ಮಾವ ಒಳಗಿದ್ದರು.

ಎಲೆ ಹೆಚ್ಚಾಗಿ ಕೇಳುವವರಿಲ್ಲದ ಒಂದು ವರ್ಷ ಅಲ್ಲಿಯ ರೈತರು ತಮ್ಮ ಗಿಡ ತಾವೇ ಕಡಿದು, ಹೊಲದಿಂದ ಹೊಲಕ್ಕೆ ನುಗ್ಗಿ ಎಲ್ಲರದನ್ನೂ ಕಡಿದರಂತೆ. ಸಿಪಾಯಿಗಳು ಗಂಡಸರನ್ನು ತಡೆದರೆ ಹೆಂಗಸರು ಗುದ್ದಲಿ ಹಿಡಿದು ಹೊರಟರಂತೆ. ಮಗಳು ಕೈಯಲ್ಲಿದ್ದ ಎಲೆ ಬಿಟ್ಟು ಚಪ್ಪಾಳೆ ತಟ್ಟಿದಳು. ತಾಯಿ ಮಾತ್ರ ಕೆಲಸದ ಮಾತು ಕೇಳಿದಳು.

"ಕಡುದ್ರೆ ತಿರ್ಗಾ ನೆಟ್ಕಳಾಕಿಲ್ವಾ?"

"ಮಡೀಲಿ ಸಸಿ ಮುಗಿಯೋವರ್ಗೂ ಕಾದಿದ್ರು ಕಣವ್ವ," ಎಂದೆ.

ಮುಂದಿನದನ್ನು ನಾನು ಹೇಳಲಿಲ್ಲ. ಗಿಡ ಕಡಿದವರಲ್ಲಿ ಕೆಲವರನ್ನು ಸರ್ಕಾರ ನೇಣಿಗೇರಿಸಿತ್ತು. ಆದರೆ ಆ ದಿನ ಬ್ಯಾರನ್ನಿಗೆ ಪೂಜೆಮಾಡಿ ವರ್ಷದ ಮೊದಲ ಬೆಂಕಿ ಹಾಕಿದ್ದರು. "ಕತೆನ ಸಾವ್ನಲ್ಲಿ ನಿಲ್ಲುಸ್ಬ್ಯಾಡ ಕಣವ್ವ, ಒಲೆಗೂ ಕೇಡು, ಕೇಳ್ದೋರ್ಗೂ ಕೇಡು," ಎಂದು ಅತ್ತೆ ಬೆಳಗ್ಗೆಯೇ ಎಚ್ಚರಿಸಿದ್ದರು. ಮಂಗಳ ಹಾಡದೆ ಕಥೆಯಿಂದ ಏಳಬಾರದು ಎನ್ನುವುದು ನಮ್ಮ ಕಡೆ ಎಲ್ಲರೂ ನಡೆಸಿಕೊಂಡು ಬಂದ ಮಾತು. ಹಾಗಾಗಿ ನೇಣನ್ನು ಹಾರಿಸಿ, ನೂರು ವರ್ಷದ ಮೇಲೆ ಅದೇ ಸೀಮೆಯವರು ದಂಗೆಯೆದ್ದು ಇಂಗ್ಲೆಂಡಿನ ರಾಜನನ್ನೇ ಓಡಿಸಿದರು ಎಂದು ಮುಗಿಸಿದೆ. ರಾಜನನ್ನು ಓಡಿಸಿದವರು ಚಾಟಿಯನ್ನು ಮಾತ್ರ ಇಟ್ಟುಕೊಂಡರು ಎಂಬುದನ್ನೂ ನುಂಗಿಕೊಂಡೆ. ಹೆಂಗಸರ ಮುಖ ಅರಳಿದ್ದು ಕಂಡು ನನಗೆ ಹೆಮ್ಮೆಯೋ ಹೆಮ್ಮೆ.

ಮರುವರ್ಷ ಎರಡನೇ ಮಹಾಯುದ್ಧದ ದೆಸೆಯಿಂದ ರಾಗಿಗೆ ಹಾಹಾಕಾರ, ಎಲೆಗೆ ಎಲ್ಲಿಲ್ಲದ ಬೇಡಿಕೆ. ವಿಧವೆಯ ಪಟ್ಟೆ ತಮ್ಮದೇ ಎಂದು ಮಾವ ತಕರಾರು ತೆಗೆದರು. ಗೇಣುದ್ದ ಬಂದಿದ್ದ ಅವಳ ಕಾರುರಾಗಿಯ ಮೇಲೆ ನೇಗಿಲು ಹೊಡೆದು ಹೊಗೆಸೊಪ್ಪು ನೆಡಿಸಿದರು. ಅಡ್ಡ ಬಂದವಳನ್ನು ಜುಟ್ಟು ಹಿಡಿದು ಬದುವಿನಾಚೆಗೆ ಎಳೆದುಹಾಕಿದರು. ಪಟೇಲರು ಮಾವನ ದಾಯಾದಿ. ಬೇಲಿಯೇ ಎದ್ದು ಹೊಲ ಮೇಯ್ದ ಮೇಲೆ ಯಾರಿಗೆ ದೂರುವುದು? ಅವಳು ಕೂಗಾಡಲಿಲ್ಲ. ಗಿಡ ಮೊಣಕಾಲುದ್ದವಾಗಿ, ಮಡಿಯಲ್ಲಿ ಉಳಿದ ಸಸಿಯೆಲ್ಲ ಒಣಗುವವರೆಗೆ ಕಾದಳು.

ಆ ಮಧ್ಯಾಹ್ನ ನಾನು ಬುತ್ತಿ ಹೊತ್ತು ಹೊಲಕ್ಕೆ ಹೋದಾಗ ತಾಯಿ ಮಗಳು ಪಟ್ಟೆಯ ಕೊನೆಗೆ ಬಂದಿದ್ದರು. ಕಡಿದರೆ ಚಿಗುರುತ್ತದೆಂದು ಗಿಡಗಳನ್ನು ಬೇರುಸಮೇತ ಕಿತ್ತು ಹಾಕಿದ್ದರು. ತಮ್ಮ ಪಟ್ಟೆ ದಾಟಿ ಒಂದು ಗಿಡವನ್ನೂ ಮುಟ್ಟಿರಲಿಲ್ಲ. ಕೆಳಗಿನ ಹೊಲದಿಂದ ಮಾವ ಮತ್ತು ನನ್ನ ಗಂಡ ಓಡಿಬಂದರು.

ಮಾವನ ಮೊದಲ ಏಟಿಗೇ ತಾಯಿಯ ಮುಂಗೈ ಮುರಿದ ಸದ್ದು ನನಗೆ ಕೇಳಿಸಿತು. ಬಿದ್ದವಳ ಬೆನ್ನಿನ ಮೇಲೆ ಕಾಲಿಟ್ಟು, "ಯಾರೇ ನಿಂಗಿದ್ನ ಏಳ್ಕೊಟ್ಟೋರು? ಬೊಗಳೇ!" ಎಂದು ಹೊಡೆಯುತ್ತಲೇ ಇದ್ದರು. ಅವಳು ಮಣ್ಣಿಗೆ ಬಾಯಿ ಒತ್ತಿಕೊಂಡು ಸುಮ್ಮನಿದ್ದಳು. ನನ್ನ ಕಡೆ ಕಣ್ಣು ಕೂಡ ಹೊರಳಿಸಲಿಲ್ಲ. ಊರಿಗೆಲ್ಲ ಬಾಯಿಬಡುಕಿ ಎನಿಸಿಕೊಂಡ ನಾನು ತಲೆಯ ಮೇಲಿನ ಕುಕ್ಕೆಯನ್ನೂ ಇಳಿಸದೆ ನಿಂತಿದ್ದೆ.

ಮಗಳು ಮಾವನ ತೋಳಿಗೆ ಜೋತುಬಿದ್ದು ಕಿರುಚಿದಳು: "ಅಲ್ಲಿ ರಾಜನ್ನೇ ಓಡುಸ್ಬುಟ್ರಂತೆ ಕಣ್ರೀ! ನೀವ್ಯಾವ ಲೆಕ್ಕ!"

ಅದು ನನ್ನ ಮಾತು. ನನ್ನ ಗಂಡ ಗುದ್ದಲಿಯ ಕಾವಿನಿಂದ ಅವಳ ಹಿಂದಲೆಗೆ ಬೀಸಿದ. ಅವನಿಗೆ ಮನಸ್ಸಿನೊಳಗೆ ಮರ್ಯಾದೆ ಕೊಡುವುದನ್ನು ಅವತ್ತಿಗೇ ಬಿಟ್ಟೆ. ಕಿವಿಯಿಂದ ರಕ್ತ ಸುರಿಯುತ್ತ ಅವಳು ಕಿತ್ತ ಗಿಡಗಳ ಮೇಲೆ ಬಿದ್ದಳು. ಬಿದ್ದ ಮೇಲೂ ಎರಡು ಏಟು ಹಾಕಿದ. ಮೂರನೆಯ ದಿನ ಅವಳು ಸತ್ತಳು. ಹಾವು ಕಚ್ಚಿ ಸತ್ತಳೆಂದು ಪಟೇಲರು ಬರೆದರು.

ಹೆದರಿದ್ದೆ ಎಂದು ಹೇಳಿ ನಾನು ತಪ್ಪಿಸಿಕೊಳ್ಳಬಹುದು, ಹೆದರಿದ್ದೂ ನಿಜ. ಆದರೆ ಅದೇ ಸಂಜೆ ಆ ಕೈಗಳಿಗೆ ನೀರು ಹಾಕಿ, ತಟ್ಟೆಗೆ ಮುದ್ದೆ ಇಟ್ಟೆನಲ್ಲ, ಅದಕ್ಕೆ ನನ್ನ ಹತ್ತಿರ ಯಾವ ಸಮಜಾಯಿಷಿಯೂ ಇಲ್ಲ. ನಾಚಿಕೆ ಇವತ್ತಿಗೂ ಇದೆ.

ತಿಥಿ ಕಳೆದ ಮೇಲೆ ಸೆರಗಿನಲ್ಲಿ ರಾಗಿಹಿಟ್ಟು ಕಟ್ಟಿಕೊಂಡು ತಾಯಿಯ ಗುಡಿಸಲಿಗೆ ಹೋದೆ. ಮುರಿದ ಕೈಗೆ ಬಿದಿರುದಬ್ಬೆ ಕಟ್ಟಿಕೊಂಡು ಗೋಡೆಗೆ ಒರಗಿದ್ದಳು. ಹಿಟ್ಟನ್ನು ಮುಟ್ಟಲಿಲ್ಲ. ನನ್ನನ್ನು ಬೈಯಲೂ ಇಲ್ಲ.

"ಗಿಡ ಕಡುದ್ರು ಅಂದ್ರಲ್ಲ ಅವ್ವಾರೇ, ಆ ಜನುಕ್ಕೆ ಆಮ್ಯಾಕೆ ಏನಾಯ್ತು?" ಎಂದು ಕೇಳಿದಳು.

"ಕೆಲವರ್ನ ನೇಣಿಗಾಕುದ್ರು," ಎಂದೆ. "ನಂಗೆ ಆವತ್ತೇ ಗೊತ್ತಿತ್ತು ಕಣವ್ವ."

ಅವಳು ದಬ್ಬೆ ಕಟ್ಟಿದ ಕೈಯನ್ನು ಮಡಿಲಿಗೆ ಎಳೆದುಕೊಂಡಳು.

"ಆವತ್ತೇ ಅಂದಿದ್ರೆ ನಾನೊಬ್ಳೇ ಓಯ್ತಿದ್ದೆ," ಎಂದಳು. "ಮಗೀನ ಮನೇಲಿ ಬುಟ್ಟು."