ಕೆನೆ ಕಟ್ಟದ ಹಾಲು

ಬೆಳಗಿನ ಐದು ಗಂಟೆ. ನಜರ್‌ಬಾದಿನ ಲೂಥರನ್ ಕ್ರೈಸ್ತ ಸಭೆಯ ಪುಟ್ಟ ಹೆಂಚಿನ ಗುಡಿಯ ಹಿತ್ತಿಲಲ್ಲಿ ಸೌದೆ ಒಲೆ ಆಗಲೇ ಹತ್ತಿಕೊಂಡಿದೆ. ಒಲೆಯ ಮೇಲೆ ಕಲಾಯಿ ಹಾಕಿದ ದೊಡ್ಡ ಹಂಡೆ, ಪಕ್ಕದಲ್ಲಿ ಸೆರಗು ಸೊಂಟಕ್ಕೆ ಸಿಕ್ಕಿಸಿ ಕುಕ್ಕರಗಾಲಲ್ಲಿ ಕೂತ ಕೆಂಚಮ್ಮ. ಹಾಲಿನ ಪುಡಿಯ ಡ್ರಮ್ಮಿನ ಮುಚ್ಚಳ ತೆಗೆದು ಆಕೆ ಒಂದು ಚಿಟಿಕೆ ಅಂಗೈಗೆ ಹಾಕಿಕೊಳ್ಳುತ್ತಾರೆ. ಉಜ್ಜುತ್ತಾರೆ, ಮೂಸುತ್ತಾರೆ, ನೆಕ್ಕುತ್ತಾರೆ. ಆಮೇಲೆ ಕಣ್ಣು ಮುಚ್ಚಿ ಸುಮ್ಮನೆ ಕೂರುತ್ತಾರೆ.

ಏನು ಮಾಡ್ತಿದ್ದೀರಿ ಎಂದರೆ, "ಏನಾದ್ರೂ ಆಯ್ತದಾ ಅಂತ ನೋಡ್ತಾ ಇವ್ನಿ" ಎನ್ನುತ್ತಾರೆ. ಆರು ವರ್ಷದಿಂದ ಇದೇ ಪುಡಿ, ಇದೇ ಚಿಟಿಕೆ. ಇವತ್ತಿನವರೆಗೆ ಏನೂ ಆಗಿಲ್ಲ. "ನೆನ್ನೆ ಆಗ್ನಿಲ್ಲ ಅಂತ ಇವತ್ತೂ ಆಗಕ್ಕಿಲ್ಲ ಅಂತ ಯಾರ್ ಯೋಳಿದ್ರು ಸ್ವಾಮಿ?"

ಪುಡಿಯನ್ನು ಬಿಸಿನೀರಿಗೆ ಹಾಗೇ ಸುರಿದರೆ ಗಂಟು ಕಟ್ಟುತ್ತದೆ. ರಾಗಿಹಿಟ್ಟು ಅಂಬಲಿಗೆ ಕಲಸಿದಂತೆ ಮೊದಲು ಉಗುರುಬೆಚ್ಚಗಿನ ನೀರಲ್ಲಿ ಕಲಸಿ, ಕಡೆಗೋಲಿನಿಂದ ಕಡೆದು, ಆಮೇಲೆ ಹಂಡೆಗೆ ಇಳಿಸಬೇಕು. ಹಿಂದೆ ಬೀದಿಯ ಹೆಂಗಸರು ಇಬ್ಬರು ಮೂವರು ಈ ಕೆಲಸಕ್ಕೆ ಬಂದು, ಗಂಟು ಗಂಟು ಹಾಲು ಮಾಡಿಟ್ಟು ಹೋದರಂತೆ. ಕೆಂಚಮ್ಮನ ಹಾಲಿನಲ್ಲಿ ಒಂದು ಗಂಟು ತೋರಿಸಿದವರಿಲ್ಲ. ಆರೂವರೆಗೆ ನೂರ ನಲವತ್ತು ಮಕ್ಕಳು, ಮೂವತ್ತು ಬಾಣಂತಿಯರು ಲೋಟ ಹಿಡಿದು ಸಾಲು ನಿಲ್ಲುತ್ತಾರೆ. ಏಳೂವರೆಗೆ ಹಂಡೆ ಖಾಲಿ.

ಈ ಬರಹಕ್ಕೆಂದು ಹೋದವರನ್ನೂ ಆಕೆ ಮೊದಲ ದಿನ ಒಲೆಯ ಹತ್ತಿರ ಬಿಟ್ಟುಕೊಳ್ಳಲಿಲ್ಲ. "ನನ್ನೆಸ್ರು ಯಾತುಕ್ ಬರ್ಕತೀರಿ? ಬರ್ಕೊಂಡು ಎಲ್ಗೆ ಕಳಿಸ್ತೀರಿ?" ಎಂದು ಪೊಲೀಸಿನವರ ಹಾಗೆ ವಿಚಾರಣೆ ನಡೆಸಿದರು. ಪತ್ರಿಕೆಯ ಒಂದು ಪ್ರತಿ ತಂದು ತೋರಿಸಿದ ಮೇಲೂ, ಓದಲು ಬಾರದಿದ್ದರೂ, ಹಿಂದೆ ಮುಂದೆ ತಿರುಗಿಸಿ ನೋಡಿ, ಬೆಳಕಿಗೆ ಹಿಡಿದು ನೋಡಿ, ಆಮೇಲೆ ಮಣೆ ಹಾಕಿದರು.

ಕೆಂಚಮ್ಮನಿಗೆ ಈ ಅನುಮಾನ ಬಂದದ್ದು ಹಾಲಿನಿಂದಲೇ. ಹಳ್ಳಿಯಿಂದ ಮದುವೆಯಾಗಿ ಮೈಸೂರಿಗೆ ಬಂದಾಗ ತವರಿನವರು ಎರಡು ಎಮ್ಮೆ ಕೊಟ್ಟಿದ್ದರು. ಗಂಡ ಬೇಗ ತೀರಿಕೊಂಡ, ಎಮ್ಮೆಗಳು ಸಾಕಿದವು. ಇಪ್ಪತ್ತು ವರ್ಷ ಕೃಷ್ಣಮೂರ್ತಿಪುರದ ಮನೆಮನೆಗೆ ತಲೆಯ ಮೇಲೆ ಹಾಲು ಹೊತ್ತರು. ಇಪ್ಪತ್ತು ವರ್ಷವೂ ಪ್ರತಿ ಬಾಗಿಲಲ್ಲೂ ಒಂದೇ ಮಾತು: ಏನಮ್ಮಾ, ಇವತ್ತು ನೀರು ಜಾಸ್ತಿ ಅಲ್ವಾ? ಕಾಲುಬಾಯಿ ಜ್ವರದಲ್ಲಿ ಎಮ್ಮೆಗಳೂ ಹೋದವು. "ಹಾಲಿಗೆ ನೀರು ಬೆರೆಸ್ತೀಯೆ ಅಂತ ಇಪ್ಪತ್ತು ವರ್ಷ ಅನ್ನಿಸ್ಕಂಡೆ. ಈಗ ನೀರಿಗೇ ಹಾಲು ಬೆರೆಸೋ ಕೆಲ್ಸ ಸಿಕ್ಕದೆ. ಯಾರೂ ಕೇಳಕ್ಕಿಲ್ಲ!" ಎಂದು ಬಾಯಿಗೆ ಸೆರಗು ಅಡ್ಡ ಹಿಡಿದು ನಗುತ್ತಾರೆ.

ಹಾಲು ಮಾರಿದವಳಿಗೆ ಹಾಲಿನ ಬೆಲೆ ಗೊತ್ತು. ಹಾಗಿರುವಾಗ ಸಮುದ್ರದ ಆಚೆ ಎಲ್ಲೋ ಇರುವ ಜನ, ಮುಖ ಮೂತಿ ನೋಡದ ಮಕ್ಕಳಿಗೆ ಡ್ರಮ್ಮುಗಟ್ಟಲೆ ಹಾಲು ಯಾಕೆ ಕಳಿಸಬೇಕು? ಸುಮ್ಮನೆ ಕಳಿಸುತ್ತಾರೆಯೆ? ಕೆಲಸಕ್ಕೆ ಸೇರಿದ ದಿನದಿಂದ ಕೆಂಚಮ್ಮ ಈ ಪ್ರಶ್ನೆಯನ್ನು ಸೆರಗಿನ ಗಂಟಿನಲ್ಲಿ ಕಟ್ಟಿಕೊಂಡೇ ಓಡಾಡಿದರು. ಮೊದಲ ತಿಂಗಳೇ ಒಂದು ಚೊಂಬು ಹಾಲು ಮನೆಗೆ ಒಯ್ದು ಕಾಯಿಸಿ ನೋಡಿದರು. ಕೆನೆ ಕಟ್ಟಲಿಲ್ಲ. ಹೆಪ್ಪು ಹಾಕಿದರು, ಮೊಸರಾಯಿತು. ಕಡೆದರು, ಕಡೆದರು, ರಟ್ಟೆ ಬಿದ್ದುಹೋಗುವ ತನಕ ಕಡೆದರು. ಒಂದು ಸಾಸಿವೆಕಾಳಿನಷ್ಟು ಬೆಣ್ಣೆ ಬರಲಿಲ್ಲ. "ಎದೆ ಝಲ್ ಅಂತು ಕಣ್ ಸ್ವಾಮಿ. ಬೆಣ್ಣೆ ಇಲ್ದ ಹಾಲು ಯಾವ್ ಪ್ರಾಣೀದು?"

ಸಭೆಯ ಸೇವೆಗೆ ತಮ್ಮ ಬದುಕನ್ನೇ ಕೊಟ್ಟಿರುವ ಪ್ರೇಮಲೀಲಾ ಎಂಬ ಬಿಳಿ ಸೀರೆಯ ಹೆಣ್ಣುಮಗಳು ಈ ಹಾಲಿನ ಕೇಂದ್ರ ನೋಡಿಕೊಳ್ಳುತ್ತಾರೆ. ಬೀದಿಯವರಿಗೆಲ್ಲ ಆಕೆ ಸಿಸ್ಟ್ರಮ್ಮ. ಬೆಣ್ಣೆ ತೆಗೆದ ಮೇಲೆ ಉಳಿದ ಹಾಲನ್ನು ಒಣಗಿಸಿ ಪುಡಿ ಮಾಡಿದ್ದು ಎಂದು ಅವರು ಬಿಡಿಸಿ ಹೇಳಿದರು. ಕೆಂಚಮ್ಮ ತಲೆಯಾಡಿಸಿದರು, ನಂಬಲಿಲ್ಲ. ಹಂಡೆಯ ಮೇಲೆ ಯಾರಾದರೂ ಮಂತ್ರ ಹಾಕುತ್ತಾರೋ ಎಂದು ಕಾದು ನೋಡಿದರು. ಭಾನುವಾರದ ಪ್ರಾರ್ಥನೆಗೆ ಕಿಟಕಿಯ ಹೊರಗೆ ನಿಂತು ಕಿವಿಗೊಟ್ಟರು. ಹಾಲಿನ ಮಾತೇ ಬರಲಿಲ್ಲ. ಅದು ಇನ್ನಷ್ಟು ಅನುಮಾನಕ್ಕೆ ಎಡೆಯಾಯಿತು.

ಒಂದು ದಿನ ತಡೆಯಲಾರದೆ ಕೇಳಿಯೇಬಿಟ್ಟರು. "ಸಿಸ್ಟ್ರಮ್ಮ, ಇದೆಲ್ಲ ಪುಣ್ಯಕ್ ತಾನೆ ಮಾಡ್ತಿರೋದು?"

ಪ್ರೇಮಲೀಲಾ ಮಗ್ಗು ತೊಳೆಯುತ್ತಿದ್ದವರು ತಲೆ ಎತ್ತಿದರು. "ಇಲ್ಲಮ್ಮ. ಒಳ್ಳೇ ಕೆಲಸ ಮಾಡಿ ದೇವರ ಹತ್ತಿರ ಏನೂ ಸಂಪಾದಿಸೋಕಾಗಲ್ಲ ಅಂತ ನಮ್ಮ ಸಭೆ ಹೇಳಿಕೊಡೋದು. ಅವನು ಕೊಡೋದನ್ನ ಮೊದಲೇ ಪುಕ್ಕಟೆ ಕೊಟ್ಟಾಗಿದೆ. ಇನ್ನು ನಾವು ಗಳಿಸೋದೇನಿದೆ? ಕೈ ಬಿಡುವಾಗಿದೆ, ಪಕ್ಕದ ಬೀದೀಲಿ ಮಗು ಹಸಿದಿದೆ. ಅಷ್ಟೇ."

ಕೆಂಚಮ್ಮ ಆ ರಾತ್ರಿ ಸರಿಯಾಗಿ ನಿದ್ದೆ ಮಾಡಲಿಲ್ಲ. "ಪುಣ್ಯಕ್ಕೆ ಅಂದಿದ್ರೆ ನಂಬ್ಬುಡ್ತಿದ್ದೆ. ಪುಣ್ಯಾನೂ ಬ್ಯಾಡ ಅಂದ್ಮೇಲೆ ಇನ್ನೇನೋ ದೊಡ್ದೇ ಬೇಕಾಗದೆ ಅಂದ್ಕಂಡೆ."

ಇಷ್ಟೆಲ್ಲ ಅನುಮಾನ ಒಳಗೇ ಇಟ್ಟುಕೊಂಡು ಆಕೆ ಹಾಲು ಕಾಯಿಸಿದರು, ಮಕ್ಕಳು ಕುಡಿದವು. ಗೊಂದಲ ಆದದ್ದು ಹೋದ ವರ್ಷ ದಸರಾ ಮುಗಿದ ಮೇಲೆ. ರಸ್ತೆಗೆ ಕಾಣುವ ಹಾಗೆ ಒಂದು ಬೋರ್ಡು ಹಾಕಿಸೋಣ ಎಂದು ಪ್ರೇಮಲೀಲಾ ಬೋರ್ಡು ಬರೆಯುವ ಚಿಕ್ಕಣ್ಣನನ್ನು ಕರೆಸಿದರು. 'ಉಚಿತ ಹಾಲು ವಿತರಣಾ ಕೇಂದ್ರ' ಎಂದು ಬರೆಯಲು ಹೇಳಿದರು. ಕೆಂಚಮ್ಮ ಅಡ್ಡ ಬಾಯಿ ಹಾಕಿದರು. "ಉಚಿತ ಗಿಚಿತ ಅಂದ್ರೆ ನಮ್ ಜನುಕ್ಕೆ ತಿಳಿಯಕ್ಕಿಲ್ಲ. ಧರ್ಮದ ಹಾಲು ಅಂತ ಬರೀರಿ." ಧರ್ಮಕ್ಕೆ ಕೊಟ್ಟದ್ದು ಎಂದರೆ ಈ ಸೀಮೆಯಲ್ಲಿ ಕಾಸು ಕೇಳದೆ ಕೊಟ್ಟದ್ದು, ಎಲ್ಲರಿಗೂ ಗೊತ್ತಿರುವ ಮಾತು. ಪ್ರೇಮಲೀಲಾ ಒಪ್ಪಿದರು. ಚಿಕ್ಕಣ್ಣ ಕೆಂಪು ಬಣ್ಣದಲ್ಲಿ 'ಧರ್ಮದ ಹಾಲು' ಎಂದು ದಪ್ಪಗೆ ಬರೆದ, ಜಾಗ ಉಳಿಯಿತೆಂದು ಮೇಲೊಂದು ಶಿಲುಬೆಯನ್ನೂ ಬರೆದ. ತನ್ನ ಮಾತು ಬೋರ್ಡಿಗೆ ಏರಿತಲ್ಲ ಎಂದು ಕೆಂಚಮ್ಮ ಬೀದಿಯುದ್ದಕ್ಕೂ ಹೇಳಿಕೊಂಡು ಬಂದರು.

ಒಂದು ವಾರದಲ್ಲಿ ಸಾಲು ಇನ್ನೂರರಿಂದ ಒಂಬತ್ತಕ್ಕೆ ಇಳಿಯಿತು. ಹಂಡೆಗಟ್ಟಲೆ ಹಾಲು ಉಳಿದು ಹುಳಿಯಾಯಿತು. ಕಾರಣ ಕೇಳಿದರೆ ಯಾರೂ ಬಾಯಿ ಬಿಡುತ್ತಿರಲಿಲ್ಲ. ಕೆಂಚಮ್ಮನನ್ನು ಕಂಡರೆ ಹೆಂಗಸರು ಮಕ್ಕಳನ್ನು ಒಳಗೆ ಎಳೆದುಕೊಳ್ಳುತ್ತಿದ್ದರು. ಕೊನೆಗೆ ನಲ್ಲಿಯ ಹತ್ತಿರ ಪಕ್ಕದ ಮನೆಯ ಮಂಗಳಮ್ಮ ಸಿಡುಕಿದರು. "ನೀನೇ ಬರೆಸಿದ್ದೀಯಂತಲ್ಲ ಕೆಂಚಕ್ಕ! ಶಿಲುಬೆ ಕೆಳಗೆ ಧರ್ಮದ ಹಾಲು ಅಂದ್ರೆ ಏನು? ಅವ್ರ ಧರ್ಮದ ಹಾಲು. ಕುಡುದ್ರೆ ಅವ್ರ ಧರ್ಮಕ್ ಸೇರ್ಕಂಡಂಗೆ. ನಿಂಗೆ ಎಷ್ಟು ಜನುನ್ನ ಸೇರ್ಸು ಅಂತ ಯೋಳವ್ರೆ?"

ಕೆಂಚಮ್ಮ ಅರ್ಧ ತುಂಬಿದ ಕೊಡ ಎತ್ತಿಕೊಂಡು ಹೊರಟುಬಂದರು. ಒಂದು ಮಾತಿಗೆ ಎರಡು ಅರ್ಥ. ತನಗೆ ಹೊಳೆದದ್ದು ಒಂದೇ. ನಾಚಿಕೆ ಒಂದು ಕಡೆ, ಇನ್ನೊಂದು ಕಡೆ ಹಳೆಯ ಅನುಮಾನ ಎದ್ದು ಕೂತಿತು: ಮಂಗಳಮ್ಮ ಹೇಳಿದ್ದೇ ನಿಜವಾಗಿದ್ದರೆ? ಸಿಸ್ಟ್ರಮ್ಮ ಆ ಮಾತನ್ನು ಅಷ್ಟು ಸಲೀಸಾಗಿ ಯಾಕೆ ಒಪ್ಪಿಕೊಂಡರು?

ಬರದೆ ನಿಂತ ಮಕ್ಕಳಲ್ಲಿ ಮಹದೇವುವಿನ ಮಗನೂ ಒಬ್ಬ. ಮಹದೇವು ದಟ್ಟಗಳ್ಳಿ ಹಳ್ಳಿಯವನು, ಇಲ್ಲಿ ಗಾರೆ ಕೆಲಸ. ಹೆಂಡತಿ ದೇವಿರಮ್ಮನಿಗೆ ವಿಷಮಶೀತ ಜ್ವರ ಬಂದು ಎದೆಹಾಲು ಬತ್ತಿಹೋಗಿತ್ತು. ಹನ್ನೊಂದು ತಿಂಗಳ ಕೂಸು ಕೆಂಚಮ್ಮನ ಹಾಲಿನ ಮೇಲೆಯೇ ಬದುಕಿತ್ತು. ಹಾಲು ನಿಂತು ಇಪ್ಪತ್ತು ದಿನವಾಗುವಾಗ ಅದು ಕೂರುವುದನ್ನೂ ಬಿಟ್ಟಿತು, ಅಳುವುದನ್ನೂ ಬಿಟ್ಟಿತು.

ಇಪ್ಪತ್ತೊಂದನೆಯ ಬೆಳಗ್ಗೆ ಮಹದೇವು ಮಗುವನ್ನು ಹೆಗಲಿಗೆ ಹಾಕಿಕೊಂಡು ಹಿತ್ತಿಲಿಗೆ ಬಂದ. ಒಲೆಯ ಹಿಂದಿದ್ದ ಕೆಂಚಮ್ಮನನ್ನು ನೋಡಲೂ ಇಲ್ಲ. ನೇರವಾಗಿ ಪ್ರೇಮಲೀಲಾ ಮುಂದೆ ನಿಂತ. "ಸಿಸ್ಟ್ರಮ್ಮ, ನಾವು ನಾಕು ಜನ. ನಾನು, ನಮ್ಮವ್ವ, ನನ್ನೆಂಡ್ತಿ, ಈ ಮಗ. ಎಲ್ರೂ ಸೇರ್ಕತೀವಿ. ಹೆಬ್ಬೆಟ್ಟು ಎಲ್ಲೊತ್ತಬೇಕು ಯೋಳಿ. ಮಗೀಗೆ ಹಾಲು ಕೊಡಿ."

ಕೆಂಚಮ್ಮ ಸೌಟು ಹಿಡಿದವರು ಹಾಗೇ ನಿಂತರು. ಐದು ವರ್ಷದಿಂದ ಕಾಯುತ್ತಿದ್ದ ಗಳಿಗೆ ಇದೇ. ಸಭೆಯವರಿಗೆ ಬೇಕಾದ ಬೆಲೆ ತಾನಾಗಿ ಬಾಗಿಲಿಗೆ ಬಂದು ನಿಂತಿದೆ. ಈಗ ಗೊತ್ತಾಗುತ್ತದೆ!

ಪ್ರೇಮಲೀಲಾ ಮಗುವಿನ ಹಣೆ ಮುಟ್ಟಿ ನೋಡಿದರು. "ಹಾಲಿಗೋಸ್ಕರ ಸೇರ್ಕೋಬೇಡಪ್ಪ. ಈ ಹಾಲು ಆಗಲೇ ನಿನ್ನ ಮಗೂದು. ಸೇರೋ ಮಾತು ಇಲ್ಲಿ ಆಡಲೇಬೇಡ. ಲೋಟ ತಂದಿದ್ದೀಯಾ?"

ಮಹದೇವು ಬೆಚ್ಚಿದ. ಅವನಿಗೂ ಇದ್ದದ್ದು ಅನುಮಾನವೇ. "ಸೇರ್ತೀವಿ ಅಂದ್ರೂ ಬ್ಯಾಡ ಅಂತೀರಾ? ಅಂಗಾದ್ರೆ ಇದ್ರಲ್ಲಿ ಇನ್ನೇನೋ ಅದೆ" ಎಂದವನೇ ಮಗುವನ್ನು ಅವುಚಿಕೊಂಡು ಹೊರಟೇಬಿಟ್ಟ.

ತಾನು ಐದು ವರ್ಷ ಮನಸ್ಸಿನಲ್ಲಿ ಅಂದುಕೊಂಡದ್ದನ್ನೇ ಅವನು ಬಾಯಿ ಬಿಟ್ಟು ಹೇಳಿದ್ದು. ಅದನ್ನು ಇನ್ನೊಬ್ಬರ ಬಾಯಲ್ಲಿ ಕೇಳಿದಾಗ ಕೆಂಚಮ್ಮನ ಕಣ್ಣಿಗೆ ಬಿದ್ದದ್ದು ಅವನು ಅವುಚಿಕೊಂಡ ಮಗು. ಒಂದು ಚೊಂಬು ಹಾಲು ಬಗ್ಗಿಸಿಕೊಂಡು ಬರಿಗಾಲಲ್ಲಿ ರಸ್ತೆಗೆ ಓಡಿದರು. ಜಟಕಾ ಸ್ಟ್ಯಾಂಡಿನ ಹತ್ತಿರ ಅವನ ಅಂಗಿ ಹಿಡಿದು ನಿಲ್ಲಿಸಿದರು.

"ಲೋ ಮಾದೇವಾ, ನಿಂತ್ಕಳೋ! ಆ ಬೋರ್ಡಿನ ಮಾತು ಸಿಸ್ಟ್ರಮ್ಮುಂದಲ್ಲ, ನಂದು. ಕಾಸಿಲ್ದೆ ಕೊಡೋದು ಅಂತ ಬರೆಸ್ದೆ, ನನ್ ಬುದ್ಧೀಗಿಷ್ಟು ಮಣ್ಣಾಕ. ಐದು ವರ್ಷದಿಂದ ಈ ಹಾಲು ಕುಡೀತಾ ಇವ್ನಿ. ಒಂದು ಮಂಗಳವಾರ ಬೆಟ್ಟ ಅತ್ತಿ ತಾಯಿಗೆ ಕೈ ಮುಗ್ಯೋದ್ನ ತಪ್ಸಿದ್ದೀನಾ? ಕೇಳು ಇವ್ರುನ್ನ." ಜಟಕಾದವರು, ತರಕಾರಿಯವರು, ಅಷ್ಟು ಹೊತ್ತಿಗೆ ಬಂದು ಸೇರಿದ ಮಂಗಳಮ್ಮ, ಎಲ್ಲರ ಎದುರು ಅರ್ಧ ಚೊಂಬು ಗಟಗಟ ಕುಡಿದರು. ಉಳಿದರ್ಧವನ್ನು ಚಾಚಿದರು. ಮಹದೇವು ಚೊಂಬಿನೊಳಗೆ ಬಗ್ಗಿ ನೋಡಿದ. ಆಮೇಲೆ ಅಲ್ಲೇ ಕಟ್ಟೆಯ ಮೇಲೆ ಕೂತು ಮಗುವನ್ನು ಮಡಿಲಿಗೆ ಹಾಕಿಕೊಂಡ. ಕೆಂಚಮ್ಮ ಸೆರಗಿನ ತುದಿ ಅದ್ದಿ ಹನಿ ಹನಿಯಾಗಿ ಬಾಯಿಗೆ ಬಿಟ್ಟರು. ಮೊದಲ ನಾಲ್ಕು ಹನಿ ಕಟಬಾಯಲ್ಲಿ ಹರಿದುಹೋಯಿತು. ಐದನೆಯದನ್ನು ಮಗು ನುಂಗಿತು. ಕೆಂಚಮ್ಮ ರಸ್ತೆಯಲ್ಲೇ ಗೊಳೋ ಎಂದು ಅತ್ತರು.

ಬೋರ್ಡಿನ ಮೇಲೆ ಈಗ ಬರೀ 'ಹಾಲು' ಎಂದಿದೆ. ಬಿಟ್ಟುಹೋದವರೆಲ್ಲ ಬಂದಿಲ್ಲ. ಮಂಗಳಮ್ಮ ಇವತ್ತಿಗೂ ಮೊಮ್ಮಕ್ಕಳನ್ನು ಕಳಿಸುವುದಿಲ್ಲ. ಆದರೆ ಮಹದೇವುವಿನ ಮಗ ಸಾಲಿನ ಮೊದಲಿಗ, ನೆಟ್ಟಗೆ ನಿಲ್ಲಲು ಬಂದಿದೆ, ಲೋಟ ಬಡಿದು ಕೂಗುವುದಕ್ಕೂ ಬಂದಿದೆ. ಕೆಂಚಮ್ಮ ಬೈಯುತ್ತಲೇ ಅವನಿಗೆ ಒಂದು ಸೌಟು ಜಾಸ್ತಿ ಹಾಕುತ್ತಾರೆ.

ನೀವು ಸಭೆಗೆ ಸೇರಿದಿರಾ ಎಂದರೆ ಆಕೆಗೆ ರೇಗುತ್ತದೆ. "ನನ್ನ ಯಾರೂ ಕರೀನಿಲ್ಲ. ಕರ್ದಿದ್ರೆ ಅವತ್ತೇ ಬುಟ್ಬುಟ್ಟು ಓಯ್ತಿದ್ದೆ. ಕರೀದೆ ಇದ್ದಿದ್ಕೇ ಓಗಕ್ಕಾಗ್ನಿಲ್ಲ."

ಹಾಗಾದರೆ ಈಗ ಅನುಮಾನ ಹೋಯಿತೇ?

ಕೆಂಚಮ್ಮ ಹಂಡೆ ಬೋರಲು ಹಾಕಿ, ಬೂದಿ ಹಚ್ಚಿ ತಿಕ್ಕಲು ಶುರು ಮಾಡುತ್ತಾರೆ. "ಎಲ್ಲಿ ಓಯ್ತದೆ ಸ್ವಾಮಿ? ಸಾಯೋಗಂಟ ಇರ್ತದೆ. ಇರ್ಲಿ. ಅನುಮಾನ ನಂದು. ಹಸಿವು ಆ ಮಗೀದು. ನಂದ್ ತೀರ್ಲಿ ಅಂತ ಅದ್ಯಾಕೆ ಕಾಯ್ಬೇಕು?"