ಹಟ್ಟಿಯಲ್ಲಿ ಕೂಗಿದ ಕೋಳಿ

ಚಳ್ಳಕೆರೆ ಬಸ್ ಸ್ಟ್ಯಾಂಡಿನ ಹಿಂದಿನ ಓಣಿಯಲ್ಲಿ ಶಾಂತಕುಮಾರಿಯ ಅಂಗಡಿ. ಬೋರ್ಡಿನ ಮೇಲೆ ಮೊಬೈಲ್ ರಿಪೇರಿ ಎಂದಷ್ಟೇ ಬರೆದಿದೆ, ಆದರೆ ಒಳಗೆ ಮಿಕ್ಸಿ ಬರುತ್ತದೆ, ಟಾರ್ಚು ಬರುತ್ತದೆ, ಕುರಿ ಕಾಯುವವರ ರೇಡಿಯೊ ಬರುತ್ತದೆ, ಒಮ್ಮೆ ಎಣ್ಣೆ ಮಿಲ್ಲಿನ ತೂಕದ ಯಂತ್ರವೂ ಆಟೊದಲ್ಲಿ ಬಂದಿಳಿದಿತ್ತು. ಏನು ತಂದಿಟ್ಟರೂ ಆಕೆ ಆಗಲ್ಲ ಅಂದದ್ದನ್ನು ಕೇಳಿದವರಿಲ್ಲ. "ಬಿಚ್ಚಿ ನೋಡಾಣ ಬಿಡ್ರಿ" ಅನ್ನುತ್ತಾಳೆ, ಅಷ್ಟರಲ್ಲಿ ಅರ್ಧ ಬಿಚ್ಚಿಯೂ ಆಗಿರುತ್ತದೆ. ಹೆಂಗಸೊಬ್ಬಳು ಸ್ಕ್ರೂಡ್ರೈವರ್ ಹಿಡಿದು ಕೂತಿರುವುದನ್ನು ನೋಡಲೆಂದೇ ಮೊದಮೊದಲು ಜನ ಬರುತ್ತಿದ್ದರು. ಈಗ ಕೆಲಸ ಮಾಡಿಸಿಕೊಳ್ಳಲು ಬರುತ್ತಾರೆ.

ಇತ್ತೀಚೆಗೆ ಆಕೆಗೆ ಹೆಸರು ತಂದದ್ದು ಅಂಗೈ ಅಗಲದ ಗೇಮ್ ಡಬ್ಬಿಗಳು. ಹಿಂದೆ ಟಿವಿಗೆ ಸಿಕ್ಕಿಸಿ, ಕ್ಯಾಸೆಟ್ ಹಾಕಿ ಆಡುತ್ತಿದ್ದ ವಿಡಿಯೊ ಗೇಮನ್ನೇ ಚಿಕ್ಕದು ಮಾಡಿ, ಕ್ಯಾಸೆಟ್ಟಿನ ಗೊಡವೆಯಿಲ್ಲದೆ ಒಂದಷ್ಟು ಆಟಗಳನ್ನು ಒಳಗೇ ತುಂಬಿ ಕಂಪನಿಯವರು ಮಾರುತ್ತಾರೆ. ಚಿಕ್ಕಂದಿನಲ್ಲಿ ಪಕ್ಕದ ಮನೆಯ ಕಿಟಕಿಯಲ್ಲಿ ಇಣುಕಿ ನೋಡಿ ಆಸೆಪಟ್ಟವರೆಲ್ಲ ಈಗ ತಲೆ ನರೆತ ಮೇಲೆ ಕೊಳ್ಳುತ್ತಾರೆ. ಆಡಿ ಆಡಿ ಆಟ ಹಳಸಿದಾಗ ಶಾಂತಕುಮಾರಿಯನ್ನು ಹುಡುಕಿಕೊಂಡು ಬರುತ್ತಾರೆ. ಕಂಪನಿಯವರು ಬಾಗಿಲು ಮುಂದಕ್ಕೆ ಹಾಕಿದ್ದಾರೆಯೇ ಹೊರತು ಬೀಗ ಜಡಿದಿಲ್ಲ ಎಂಬುದು ಆಕೆಯ ವಾದ. ಡಬ್ಬಿಯ ಗುಂಡಿ ಒತ್ತಿಹಿಡಿದು ಲ್ಯಾಪ್‌ಟಾಪಿಗೆ ಜೋಡಿಸಬೇಕು. ಒಳಗಿರುವುದನ್ನೆಲ್ಲ ಮೊದಲು ನಕಲು ತೆಗೆದಿಟ್ಟುಕೊಳ್ಳಬೇಕು. ಆಮೇಲೆ ಚಿಕ್ಕದೊಂದು ಪ್ರೋಗ್ರಾಂ ಕೂರಿಸಿದರೆ ಪೆನ್‌ಡ್ರೈವಿನಲ್ಲಿ ಹಾಕಿಟ್ಟ ಹೊಸ ಆಟಗಳೂ ಹಳೆಯವುಗಳ ಪಕ್ಕದಲ್ಲಿ ಬಂದು ಕೂರುತ್ತವೆ. ನಕಲು ತೆಗೆಯದೆ ಕೈಹಾಕಿ ಮೊದಲ ಡಬ್ಬಿಯನ್ನು ಆಕೆ ಕೊಂದೇಬಿಟ್ಟಿದ್ದಳು. ಅದು ಸ್ವಂತದ್ದಾಗಿದ್ದರಿಂದ ಯಾರಿಗೂ ಉತ್ತರ ಹೇಳಬೇಕಾಗಿ ಬರಲಿಲ್ಲ.

ಇಷ್ಟು ಧೈರ್ಯದ ಹೆಂಗಸಿಗೂ ಈ ವರ್ಷ ಒಂದು ಹೆದರಿಕೆ ಹೊಕ್ಕಿತ್ತು. ಅದು ಅತ್ತೆ ಪಾತಮ್ಮನ ಬಲಗೈ.

ದೊಡ್ಡಉಳ್ಳಾರ್ತಿಯ ಹುಲ್ಲಿನ ಕಾವಲಿಗೆ ತಾಗಿದ ಹಟ್ಟಿ ಅವರದು. ಶಾಂತಕುಮಾರಿಯ ಗಂಡ ದೊಡ್ಡೀರಪ್ಪ ಕುರಿ ಮೇಯಿಸುತ್ತಾನೆ. ಸೊಸೆ ಪೇಟೆಯಲ್ಲಿ ಅಂಗಡಿ ಇಡುತ್ತಾಳಂತೆ ಎಂದು ಹಟ್ಟಿಯಲ್ಲಿ ಗುಸುಗುಸು ಎದ್ದಾಗ ಪಾತಮ್ಮ ಬೀದಿಗೆ ಬಂದು ಸೊಂಟದ ಮೇಲೆ ಕೈಯಿಟ್ಟು ನಿಂತು, "ನನ್ ಸೊಸೆ ಕೂತ್ಕಂತಾಳೆ. ನೋಡಾಕಾಗ್ದೋರು ಕಣ್ಣು ಮುಚ್ಕಳ್ರಿ" ಅಂದಿದ್ದಳು. ಆ ಮಾತಿಗೆ ಎದುರಾಡುವ ಗಂಡಸು ಹಟ್ಟಿಯಲ್ಲಿರಲಿಲ್ಲ. ಅಂಗಡಿಯ ಬಾಗಿಲು ತೆಗೆದ ದಿನ ಮೊದಲ ಗಿರಾಕಿಯಾಗಿ ಬಂದವಳೂ ಅವಳೇ, ಸರಿಯಿದ್ದ ಟಾರ್ಚನ್ನೇ ರಿಪೇರಿಗೆ ತಂದಿದ್ದಳು. ಹೆತ್ತ ತಾಯಿಗಿಂತ ಒಂದು ಗುಲಗಂಜಿ ಹೆಚ್ಚೇ ಎನ್ನುವಷ್ಟು ಶಾಂತಕುಮಾರಿ ಅತ್ತೆಯನ್ನು ಪ್ರೀತಿಸುತ್ತಿದ್ದಳು, ಎದುರಿಗೆ ಮಾತ್ರ ಹೇಳುತ್ತಿರಲಿಲ್ಲ.

ಅಂಥ ಪಾತಮ್ಮನಿಗೆ ಬೇಸಿಗೆಯಲ್ಲಿ ಲಕ್ವ ಹೊಡೆಯಿತು. ಮಾತು ಉಳಿಯಿತು, ಕಾಲು ಚೇತರಿಸಿಕೊಂಡಿತು, ಬಲಗೈ ಮಾತ್ರ ಹಿಂದಿರುಗಲಿಲ್ಲ. ಈಗಲೇ ಬೆರಳುಗಳನ್ನು ದುಡಿಸದಿದ್ದರೆ ಬಿಗಿದುಕೊಂಡು ಶಾಶ್ವತವಾಗಿ ಹಾಗೇ ಉಳಿದುಬಿಡುತ್ತವೆ ಎಂದು ಡಾಕ್ಟರು ಎಚ್ಚರಿಸಿ, ಹಿಚುಕಲು ಒಂದು ರಬ್ಬರ್ ಚೆಂಡು ಕೊಟ್ಟರು. ಪಾತಮ್ಮ ಅದನ್ನು ನಾಯಿಗೆ ಎಸೆದಳು, ಎಡಗೈಯಲ್ಲಿ.

"ಸತ್ತೋಗಿರೋ ಕೈ ಕಣೆ ಅದು. ಸತ್ತಿದ್ದನ್ನ ಯಾಕೆ ಎಬ್ಬಿಸ್ತೀಯ?" ಅಂದಳು.

ಬೈದರೆ ಬೈಸಿಕೊಳ್ಳಬಹುದಿತ್ತು. ಇಷ್ಟು ಮೆತ್ತಗೆ ಮಾತಾಡುವ ಪಾತಮ್ಮನನ್ನು ಶಾಂತಕುಮಾರಿ ಕಂಡಿರಲಿಲ್ಲ. ಹೆದರಿಕೆಯಾದದ್ದು ಅದಕ್ಕೇ.

ಹೆದರಿಕೆಯಾದರೆ ಆಕೆಗೆ ಗೊತ್ತಿರುವ ಮದ್ದು ಒಂದೇ, ಏನನ್ನಾದರೂ ಬಿಚ್ಚುವುದು. ಯಾರೋ ಬೇಡವೆಂದು ಬಿಟ್ಟುಹೋಗಿದ್ದ ಗೇಮ್ ಡಬ್ಬಿಯೊಂದು ಅಂಗಡಿಯಲ್ಲಿತ್ತು. ಅದರೊಳಗಿನ ಆಟಗಳೆಲ್ಲ ಬಂದೂಕು, ಗುದ್ದಾಟ. ಪಾತಮ್ಮನಿಗೆ ಅವು ಸೇರುವವಲ್ಲ. ಹವ್ಯಾಸಿಗಳು ಬರೆದು ಪುಕ್ಕಟೆ ಹಂಚುವ ಚಿಕ್ಕ ಆಟಗಳನ್ನು ಇಳಿಸಿಕೊಂಡು ಒಂದೊಂದಾಗಿ ಆಡಿ ನೋಡಿದಳು. ಒಂದೇ ಗುಂಡಿಯ ಆಟ ಬೇಕಿತ್ತು. ಕೊನೆಗೆ ಸಿಕ್ಕಿತು: ಸಾಲಾಗಿ ಲಾರಿಗಳು ಓಡುವ ರಸ್ತೆ, ಅದನ್ನು ದಾಟಬೇಕಾದ ಒಂದು ಬಿಳಿ ಮುದ್ದೆ. ಒತ್ತಿದರೆ ಮುಂದೆ ಹೋಗುತ್ತದೆ, ಬಿಟ್ಟರೆ ನಿಲ್ಲುತ್ತದೆ. ಲಾರಿ ತಾಗಿದರೂ ಸಾಯುವುದಿಲ್ಲ, ಹಿಂದಕ್ಕೆ ಬಂದು ಬೀಳುತ್ತದೆ. ಡಬ್ಬಿಗೆ ತಂತಿಯಲ್ಲಿ ಜೋಡಿಸಿ ಕೈಯಲ್ಲಿ ಹಿಡಿದು ಆಡುವ ಹಿಡಿಯಲ್ಲಿ ಆಡಿಸುವ ಗುಂಡಿ ಎಡಗಡೆಗಿತ್ತು, ಅದನ್ನು ಬಲ ಹೆಬ್ಬೆರಳಿಗೆ ಸಿಗುವಂತೆ ಬದಲಾಯಿಸಿದಳು. ತನ್ನ ಬುದ್ಧಿಗೆ ತಾನೇ ಮೆಚ್ಚಿ ಒಂದು ಟೀ ತರಿಸಿಕೊಂಡು ಕುಡಿದಳು.

ಆಕೆ ಲೆಕ್ಕಕ್ಕೆ ತೆಗೆದುಕೊಳ್ಳದ ಸಂಗತಿ ಒಂದಿತ್ತು. ಅಂಗಡಿಯ ಟಿವಿಗೆ ಸ್ಪೀಕರ್ ಇರಲಿಲ್ಲ, ಕಿತ್ತು ಇನ್ಯಾರದೋ ಟಿವಿಗೆ ಹಾಕಿಕೊಟ್ಟಿದ್ದಳು. ಹಾಗಾಗಿ ಆಟ ಮೂಕಿಯಾಗಿಯೇ ನಡೆದಿತ್ತು.

ಸಂಜೆ ಹಟ್ಟಿಯ ಮನೆಯಲ್ಲಿ ಟಿವಿಗೆ ಡಬ್ಬಿ ಜೋಡಿಸಿ, ಅತ್ತೆಯ ಬಲಗೈಯನ್ನು ತನ್ನ ಕೈಯಲ್ಲಿ ಎತ್ತಿ ಹಿಡಿಯ ಗುಂಡಿಯ ಮೇಲಿಟ್ಟು ತಾನೇ ಒತ್ತಿದಳು. ಪಾತಮ್ಮ ಮುಖ ಸಿಂಡರಿಸಿಕೊಂಡೇ ನೋಡುತ್ತಿದ್ದಳು. ಬಿಳಿ ಮುದ್ದೆ ರಸ್ತೆಗಿಳಿಯಿತು, ಲಾರಿ ಬಡಿಯಿತು, ದೊಡ್ಡೀರಪ್ಪ ಕ್ರಿಕೆಟ್ ನೋಡಲು ಏರಿಸಿಟ್ಟಿದ್ದ ಪೂರ್ತಿ ದನಿಯಲ್ಲಿ ಟಿವಿ ಕೂಗಿತು: ಕೊಕ್ಕೊಕ್ಕೊ ಕೋ!

ಆ ಹಟ್ಟಿಯಲ್ಲಿ ಕೋಳಿ ಸಾಕುವುದಿಲ್ಲ, ತಿನ್ನುವುದಿಲ್ಲ. ಕೋಳಿಯ ಗರಿ ಗಾಳಿಗೆ ಹಾರಿ ಬಂದರೂ ಕಡ್ಡಿಯಲ್ಲಿ ಎತ್ತಿ ಆಚೆ ಹಾಕುತ್ತಾರೆ. ದೇವರ ಪೆಟ್ಟಿಗೆ ಇರುವ ಜಾಗ, ಹಿರಿಯರು ಹಾಕಿಕೊಟ್ಟ ಕಟ್ಟು, ಹಾಲು ಕುಡಿಯುವ ಕೂಸಿಗೂ ಇದು ಗೊತ್ತು. ಶಾಂತಕುಮಾರಿಯೂ ಹುಟ್ಟಿ ಬೆಳೆದದ್ದು ನಾಯಕನಹಟ್ಟಿ ಕಡೆಯ ಅಂಥದೇ ಹಟ್ಟಿಯಲ್ಲಿ. ಆದರೂ ಬಿಳಿ ಮುದ್ದೆಯ ನೆತ್ತಿಯ ಮೇಲಿದ್ದ ಕೆಂಪು ಚುಕ್ಕೆ ಜುಟ್ಟು ಎಂದು ಹೊಳೆದಿರಲಿಲ್ಲ. ಕೋಳಿಯೊಡನೆ ಬೆಳೆದವರಾಗಿದ್ದರೆ ನೋಡಿದೊಡನೆ ಹೇಳಿಬಿಡುತ್ತಿದ್ದರು.

"ಕೋಳಿ! ಮನೆ ಒಳಗೆ ಕೋಳಿ ತಂದ್ಯಲ್ಲೇ!" ಪಾತಮ್ಮ ಎದ್ದು ಗೋಡೆಗೆ ಆತು ನಿಂತಳು. ಅಷ್ಟರಲ್ಲಿ ಹಟ್ಟಿಯೇ ಬಾಗಿಲಿಗೆ ಬಂದಿತ್ತು. ಯಾರ ಮನೇಲಿ ಕೂಗಿದ್ದು, ಎಲ್ಲಿ ಹೊಕ್ಕಿತು, ಹಿಡೀರಿ ಎಂದು ಕೆಲವರು ಮಂಚದ ಕೆಳಗೆ ಕೋಲು ಆಡಿಸಿದರು. ಹಟ್ಟಿಯ ಯಜಮಾನ ಅಜ್ಜಪ್ಪ ಟಿವಿಯ ಮುಂದೆ ನಿಂತು ಬಹಳ ಹೊತ್ತು ನೋಡಿದ. ಟಿವಿಯ ಕೋಳಿಗೆ ಏನು ಮಾಡಬೇಕೆಂದು ಹಿರಿಯರು ಯಾರೂ ಹೇಳಿಹೋಗಿರಲಿಲ್ಲ.

"ಗಂಜಲ ತಗಂಬರ್ರಿ" ಅಂದ ಕೊನೆಗೆ.

"ಯಜಮಾನ್ರೇ, ಡಬ್ಬಿ ಒಳಗೆ ನೀರು ಹೋದ್ರೆ ಕೆಟ್ಟೋಗುತ್ತೆ!" ಶಾಂತಕುಮಾರಿ ಡಬ್ಬಿಯನ್ನು ಎದೆಗವಚಿಕೊಂಡು ನಿಂತಳು. ಅಜ್ಜಪ್ಪ ವಿವೇಕಿ. ಟಿವಿಗೆ ದೂರದಿಂದ ಬೆರಳಲ್ಲಿ ನಾಲ್ಕು ಹನಿ, ಶಾಂತಕುಮಾರಿಯ ತಲೆಗೆ ಧಾರಾಳವಾಗಿ ಒಂದು ಬೊಗಸೆ ಎಂದು ತೀರ್ಮಾನಿಸಿದ. "ಡಬ್ಬಿ ಇರ್ಲಿ. ಕೋಳಿ ಹೋಗ್ಬೇಕು" ಎಂದು ಹೇಳಿ ಹೋದ.

ಯಜಮಾನ ಒಪ್ಪಿದರೂ ಪಾತಮ್ಮ ಒಪ್ಪಲಿಲ್ಲ. ಬಲಗೈಯನ್ನು ಸೆರಗಿನೊಳಗೆ ಮುಚ್ಚಿಕೊಂಡು, "ಇನ್ನ ಆ ಡಬ್ಬಿ ನಾ ಮುಟ್ಟಲ್ಲ. ಕೈ ಹೋದ್ರೆ ಹೋಗ್ಲಿ" ಅಂದಳು. ಆ ಸಂಜೆ ಶಾಂತಕುಮಾರಿ ತಲೆಗೆ ಸ್ನಾನ ಮಾಡುತ್ತ ಬಚ್ಚಲಲ್ಲಿ ಕೂತು ಅತ್ತಳು. ಅತ್ತು ಮುಗಿದ ಮೇಲೆ ಆಕೆಗೆ ಒಂದು ಮಾತು ಸ್ಪಷ್ಟವಾಯಿತು. ಕೋಳಿ ಹೋಗಬೇಕು ತಾನೆ? ಆಟ ಹೋಗಬೇಕಿಲ್ಲವಲ್ಲ. ಪಾತಮ್ಮ ಬದುಕಿನುದ್ದಕ್ಕೂ ರಸ್ತೆ ದಾಟಿಸಿದ್ದು ಕುರಿಗಳನ್ನು. ಕೋಳಿಯನ್ನು ಎಬ್ಬಿಸಿ ಆ ಜಾಗದಲ್ಲಿ ಕುರಿಮರಿಯನ್ನು ಕೂರಿಸಿದರೆ ಮುಗಿಯಿತು.

ಮರುದಿನ ಆಟದ ಹೊಟ್ಟೆ ಸೀಳಿದಳು. ಒಳಗೆ ಕೋಳಿಯೆಂದರೆ ಬಣ್ಣ ತುಂಬಿದ ಚೌಕಗಳು, ಅಡ್ಡ ಹದಿನಾರು, ಉದ್ದ ಹದಿನಾರು. ಅದನ್ನು ಅಳಿಸಿ ತಾನೇ ಮರಿ ಬಿಡಿಸಿದಳು. ಮೊದಲ ಸಲ ನಾಯಿಯಾಯಿತು. ಎರಡನೆಯ ಸಲ ಹಂದಿಯಾಯಿತು. ಹಂದಿಯನ್ನು ಹಟ್ಟಿಗೆ ಒಯ್ದರೆ ಅಜ್ಜಪ್ಪನ ಬೊಗಸೆ ಸಾಲುವುದಿಲ್ಲವೆಂದು ಲ್ಯಾಪ್‌ಟಾಪ್ ಮುಚ್ಚಿ ಮೊಳಕಾಲ್ಮೂರಿನ ಬಸ್ ಹತ್ತಿದಳು.

ಮೊಳಕಾಲ್ಮೂರಿನಲ್ಲಿ ಮಾರುತೇಶನಿದ್ದ, ರೇಷ್ಮೆ ಸೀರೆಯ ಅಂಚಿಗೆ ವಿನ್ಯಾಸ ಬಿಡಿಸುವವನು. ಕಂಪ್ಯೂಟರಿನಲ್ಲಿ ಚೌಕ ತುಂಬಿ ತುಂಬಿ ಹಂಸ, ಮಾವಿನಕಾಯಿ, ರುದ್ರಾಕ್ಷಿ ಮಾಡಿ ನೇಯುವವರಿಗೆ ಕೊಡುತ್ತಾನೆ. ಆ ಕಂಪ್ಯೂಟರಿಗೆ ಎರಡು ಸಲ ಜೀವ ಕೊಟ್ಟವಳು ಶಾಂತಕುಮಾರಿ.

"ಕೂರ್ಚೋಂಡಿ ಅಕ್ಕಾ" ಎಂದು ತೆಲುಗಿನಲ್ಲೇ ಹೇಳಿ ಕುರ್ಚಿ ಎಳೆದು, ಕಥೆಯನ್ನೆಲ್ಲ ಕೇಳಿ, ಗಂಜಲದ ಭಾಗಕ್ಕೆ ಬಂದಾಗ ನಗು ತಡೆಯಲಾರದೆ ಮಗ್ಗದ ಕೋಣೆಗೆ ಹೋಗಿ ನಕ್ಕು ಬಂದ. "ಹದಿನಾರು ಚೌಕ ಇದ್ರೆ ಹಿಂಡೇ ನಿಲ್ಲಿಸ್ಬೋದು ಅಕ್ಕಾ. ನಮ್ಮೋರು ಎಂಟರಾಗೆ ಹಂಸ ಕೇಳ್ತಾರೆ. ಮರಿ ನಿಂತಿರ್ಬೇಕಾ, ನಡೀಬೇಕಾ?"

"ನಡೀಬೇಕು ಕಣಪ್ಪ."

"ಅಂಗಾದ್ರೆ ಎರಡು ಬಿಡಿಸ್ಬೇಕು. ಒಂದ್ರಾಗೆ ಕಾಲು ಮುಂದೆ, ಒಂದ್ರಾಗೆ ಹಿಂದೆ." ಟಕಟಕನೆ ಚೌಕಗಳು ತುಂಬಿದವು. ಇಬ್ಬರೂ ಕುರ್ಚಿ ಹಿಂದಕ್ಕೆ ಸರಿಸಿ ದೂರದಿಂದ ನೋಡಿದರು. "ಅಯಿಪೋಯಿಂದಿ, ಮುಗೀತು" ಎಂದು ಮಾರುತೇಶ ಕೈ ಕೊಡವಿದ. ಮರಿ ಚೆಂದವಾಗಿತ್ತು, ಕುತ್ತಿಗೆ ಮಾತ್ರ ಸ್ವಲ್ಪ ಹಂಸದ ಕಡೆ ವಾಲಿತ್ತು.

ಇನ್ನು ಉಳಿದದ್ದು ಕೂಗು. ಅದಕ್ಕೆ ದೊಡ್ಡೀರಪ್ಪನನ್ನು ಹಚ್ಚಿದಳು. ಅವನು ಕುರಿಗಳ ರೊಪ್ಪದಲ್ಲಿ ಎಳೆ ಮರಿಯೊಂದನ್ನು ತಾಯಿಯಿಂದ ತುಸು ದೂರ ಹಿಡಿದು ನಿಂತ, ಈಕೆ ಮೊಬೈಲಿನಲ್ಲಿ ಅದರ ಕೂಗನ್ನು ಹಿಡಿದುಕೊಂಡಳು. ಇದೆಲ್ಲ ಯಾತಕ್ಕೆ ಎಂದು ದೊಡ್ಡೀರಪ್ಪ ಕೇಳಲಿಲ್ಲ. ಹೆಂಡತಿಯ ಕೆಲಸದಲ್ಲಿ ಪ್ರಶ್ನೆ ಕೇಳಿದರೆ ಉತ್ತರ ಉದ್ದವಾಗುತ್ತದೆಂದು ಅವನಿಗೆ ಅನುಭವವಿತ್ತು.

ಭಾನುವಾರ ಬೆಳಗ್ಗೆ ಬಾಗಿಲು ತೆರೆದಿಟ್ಟೇ ಟಿವಿ ಹಚ್ಚಿದಳು, ಮುಚ್ಚುಮರೆ ಏನೂ ಬೇಡವೆಂದು. ಪಾತಮ್ಮ ಟಿವಿಗೆ ಬೆನ್ನು ಮಾಡಿ, ಬಲಗೈಯನ್ನು ಸೆರಗಿನಲ್ಲಿ ಸುತ್ತಿಕೊಂಡು ಗೋಡೆ ನೋಡುತ್ತ ಕೂತಿದ್ದಳು. ಶಾಂತಕುಮಾರಿ ಕರೆಯಲಿಲ್ಲ, ತಾನೇ ಆಡತೊಡಗಿದಳು. ಮರಿ ರಸ್ತೆಗಿಳಿಯಿತು. ಬೇಕೆಂದೇ ಲಾರಿಗೆ ಸಿಕ್ಕಿಸಿದಳು. ಬ್ಯಾ ಎಂದಿತು ಮರಿ.

ಪಾತಮ್ಮನ ಕತ್ತು ತಿರುಗಿತು. "ಅದು ನಮ್ ಕರಿಮೂತಿ ಮರಿ ಅಲ್ವೇನೆ?"

"ಹೂಂ ಅತ್ತೆ."

ಪಾತಮ್ಮ ಕಣ್ಣು ಕಿರಿದು ಮಾಡಿ ಪರದೆಯನ್ನು ನೋಡಿದಳು. "ಕಿವಿ ಜೋಲ್ಬೇಕು. ಅದೇನು ನಿಮಿರ್ಕಂಡೈತೆ, ಮೊಲ ಇದ್ದಂಗೆ. ಕುತ್ಗೆ ಗಿಡ್ಡ ಮಾಡು."

ಶಾಂತಕುಮಾರಿ ಅಲ್ಲೇ ಲ್ಯಾಪ್‌ಟಾಪ್ ತೆಗೆದು ಎರಡು ಚೌಕ ಕಿವಿ ಇಳಿಸಿದಳು, ಹಂಸದ ಕುತ್ತಿಗೆಯನ್ನು ಮೊಟಕು ಮಾಡಿದಳು. ಮೂತಿಗೆ ಕರಿ ತುಂಬಿಸಿದ್ದಂತೂ ಅತ್ತೆ ಹೇಳುವ ಮೊದಲೇ. ಮತ್ತೆ ಆಟ ಹಚ್ಚಿ, ಮತ್ತೆ ಬೇಕೆಂದೇ ಮರಿಯನ್ನು ಲಾರಿಯ ಬಾಯಿಗೆ ಕೊಟ್ಟಳು. ಮತ್ತೆ, ಮತ್ತೆ.

"ಏನೇ, ಕಣ್ಣಿಲ್ವೇನೆ ನಿಂಗೆ? ಕೊಡಿಲ್ಲಿ!" ಪಾತಮ್ಮ ಹಿಡಿಯನ್ನು ಎಡಗೈಯಲ್ಲಿ ಕಸಿದುಕೊಂಡಳು. ಗುಂಡಿ ಬಲಗಡೆಗಿತ್ತು. ಎಡಗೈಯಲ್ಲಿ ಹಿಡಿದರೆ ಎಡ ಹೆಬ್ಬೆರಳು ಅಲ್ಲಿಗೆ ಮುಟ್ಟುವುದಿಲ್ಲ. ಮರಿ ರಸ್ತೆಯ ನಡುವೆ ನಿಂತು ಕೂಗುತ್ತಿತ್ತು. ಪಾತಮ್ಮ ಸೆರಗಿನಿಂದ ಬಲಗೈ ಹೊರಗೆ ತೆಗೆದು, ಸತ್ತೋಗಿದೆ ಅಂದಿದ್ದ ಆ ಹೆಬ್ಬೆರಳನ್ನು ಗುಂಡಿಯ ಮೇಲಿಟ್ಟು ಹಲ್ಲು ಕಚ್ಚಿ ಒತ್ತಿದಳು. ಏನೂ ಆಗಲಿಲ್ಲ. ಇನ್ನೊಮ್ಮೆ ಒತ್ತಿದಳು. ಮರಿ ಒಂದು ಹೆಜ್ಜೆ ಇಟ್ಟಿತು.

ಪಾತಮ್ಮನ ಹಣೆಯಲ್ಲಿ ಬೆವರು ಕಿತ್ತು ಬರುವ ಹೊತ್ತಿಗೆ ಮರಿ ಆಚೆ ದಡ ಸೇರಿತು, ಈಚೆ ದಡದಲ್ಲಿ ಇನ್ನೊಂದು ಮರಿ ಬಂದು ನಿಂತಿತು.

"ಇನ್ನೂ ಐತೇನೆ?"

"ಐತೆ ಅತ್ತೆ. ಸಾಕು ಬಿಡ್ರಿ, ನಾಳೆ ಆಡಿದ್ರಾಯ್ತು."

"ಒಂದನ್ನ ದಾಟ್ಸಿ ಮಿಕ್ಕವ್ನ ಬೀದೀಲಿ ಬಿಟ್ಟು ಬರ್ತಾರೇನೆ? ಯಾವ ಹಟ್ಟಿಯೋಳೇ ನೀನು?" ಎಂದು ಗದರಿ, ಪಾತಮ್ಮ ಮತ್ತೆ ಹೆಬ್ಬೆರಳಿಟ್ಟಳು. ಆ ಗದರಿಕೆ ಕೇಳಿ ಶಾಂತಕುಮಾರಿಗೆ ಎಷ್ಟು ಸಂತೋಷವಾಯಿತೆಂದರೆ, ಅಡುಗೆ ಮನೆಗೆ ಹೋಗಿ ಸುಮ್ಮನೆ ಒಂದು ಪಾತ್ರೆ ತೊಳೆದಳು.

ಆ ಆಟದಲ್ಲಿ ಕೊನೆಯ ಮರಿ ಎಂಬುದು ಇಲ್ಲ. ಬರೆದ ಪುಣ್ಯಾತ್ಮ ಇಟ್ಟಿರಲಿಲ್ಲ. ಶಾಂತಕುಮಾರಿ ಹಾಗೇ ಬಿಟ್ಟಳು. ದಿನಾ ಬೆಳಗ್ಗೆ ಮನೆಮಂದಿ ಕುರಿ ಹೊಡೆದುಕೊಂಡು ಹೋದ ಮೇಲೆ ಪಾತಮ್ಮ ತನ್ನ ಹಿಂಡಿನ ಮುಂದೆ ಕೂರುತ್ತಿದ್ದಳು. ಮೊದಲು ಹೆಬ್ಬೆರಳು ಬಂತು, ಆಮೇಲೆ ಹಿಡಿಗೆ ಸುತ್ತಿಕೊಳ್ಳಲು ಮಿಕ್ಕ ಬೆರಳುಗಳೂ ಒಂದೊಂದಾಗಿ ಮಡಚತೊಡಗಿದವು. ಅಜ್ಜಪ್ಪ ಎರಡು ಸಲ ಪರೀಕ್ಷೆಗೆಂದು ಬಂದ, ಮೂರನೆಯ ಸಲ ಬರೀ ನೋಡಲು ಬಂದ. ಶ್ರಾವಣದ ಹೊತ್ತಿಗೆ ಪಾತಮ್ಮನಿಂದ ದೂರು ಬಂತು: ಲಾರಿಗಳು ಬಹಳ ನಿಧಾನ, ಇಂಥ ರಸ್ತೆ ಎಲ್ಲಿಯೂ ಇಲ್ಲ, ಜೋರು ಮಾಡಬೇಕು. ಜೋರು ಮಾಡಿದ್ದಲ್ಲದೆ ಇಬ್ಬರು ಕೂಡಿ ಆಡುವಂತೆ ಇನ್ನೊಂದು ಹಿಡಿಯನ್ನೂ ಶಾಂತಕುಮಾರಿ ಜೋಡಿಸಿಕೊಟ್ಟಳು.

ಅದನ್ನು ಜೋಡಿಸಿದ ಸಂಜೆ ಅಡುಗೆಗೆ ಹೊತ್ತಾಯಿತೆಂದು ಏಳಲು ಹೋದಳು. ಪಾತಮ್ಮ ಟಿವಿಯಿಂದ ಕಣ್ಣು ತೆಗೆಯದೆ ಪಕ್ಕಕ್ಕೆ ಕೈ ಚಾಚಿ ಸೊಸೆಯ ಮುಂಗೈ ಹಿಡಿದು ಎಳೆದು ಕೂರಿಸಿದಳು.

"ಎಲ್ಲಿಗೆ ಹೋಗ್ತೀಯಾ? ಆ ಕಡೆಯಿಂದ ನೀನು ಹೊಡಿ, ಈ ಕಡೆ ನಾನಿದೀನಿ."

ಹಿಡಿದದ್ದು ಬಲಗೈ. ಬಳೆಗಳು ಚರ್ಮಕ್ಕೆ ಒತ್ತಿ ಶಾಂತಕುಮಾರಿಗೆ ಚೆನ್ನಾಗಿಯೇ ನೋವಾಯಿತು. ಆ ಕೈ ಬಿಡಿಸಿಕೊಳ್ಳದೆಯೇ ಅವಳು ಇನ್ನೊಂದು ಕೈಯಲ್ಲಿ ತನ್ನ ಹಿಡಿಯನ್ನು ಎತ್ತಿಕೊಂಡಳು.